ಹಕ್ಕು ಬದಲಾವಣೆ ತಕರಾರುಗಳು ಮತ್ತು ಅವುಗಳ ಇತ್ಯರ್ಥ: ಸಾರ್ವಜನಿಕರಿಗೆ ಮಾಹಿತಿ

1. ಪೀಠಿಕೆ

ಜಮೀನಿನ ಹಕ್ಕು ಕ್ರಯ, ವಿಭಾಗ, ದಾನ, ಮರಣಶಾಸನ ಅಥವಾ ವಾರಸಾ ರೀತ್ಯಾ ಒಬ್ಬರಿಂದ ಮತ್ತೊಬ್ಬರಿಗೆ ಬಂದಾಗ, ಆ ಬದಲಾವಣೆಯನ್ನು ಕಂದಾಯ ದಾಖಲೆಗಳಲ್ಲಿ ನಮೂದಿಸುವ ಕಾರ್ಯವನ್ನು ಹಕ್ಕು ಬದಲಾವಣೆ ಎನ್ನಲಾಗುತ್ತದೆ. ಗ್ರಾಮಗಳಲ್ಲಿ ಇದನ್ನು ಮ್ಯುಟೇಶನ್, ಖಾತೆ ಬದಲಾವಣೆ ಎಂದೂ, ಖಾತೆದಾರರು ಮೃತಪಟ್ಟ ಸಂದರ್ಭದಲ್ಲಿ ಪೌತಿ ಖಾತೆ ಎಂದೂ ಕರೆಯುವುದು ವಾಡಿಕೆ. ಬಹುಪಾಲು ಬದಲಾವಣೆಗಳು ಯಾವುದೇ ಆಕ್ಷೇಪಣೆಯಿಲ್ಲದೆ ಪೂರ್ಣಗೊಳ್ಳುತ್ತವೆ. ಆದರೆ ಸಹೋದರ ಸಹೋದರಿಯರ ನಡುವೆ, ಕ್ರಯಕ್ಕೆ ಪಡೆದವರು ಮತ್ತು ಮೂಲ ಖಾತೆದಾರರ ವಾರಸುದಾರರ ನಡುವೆ, ಅಕ್ಕಪಕ್ಕದ ಹಿಡುವಳಿದಾರರ ನಡುವೆ ಭಿನ್ನಾಭಿಪ್ರಾಯ ಉಂಟಾದಾಗ ಅದು ತಕರಾರು ಪ್ರಕರಣವಾಗುತ್ತದೆ.

ಇಂತಹ ಪ್ರಕರಣಗಳಲ್ಲಿ ಕಕ್ಷಿದಾರರಿಗೆ ಹೆಚ್ಚಿನ ನಷ್ಟ ಉಂಟಾಗುವುದು ಎರಡು ಕಾರಣಗಳಿಂದ. ಮೊದಲನೆಯದು, ಕಾಲಮಿತಿ ಮೀರುವುದು. ಎರಡನೆಯದು, ಸಿವಿಲ್ ನ್ಯಾಯಾಲಯವು ತೀರ್ಮಾನಿಸಬೇಕಾದ ಪ್ರಶ್ನೆಯನ್ನು ಕಂದಾಯ ಕಚೇರಿಯಲ್ಲಿ ವರ್ಷಗಟ್ಟಲೆ ನಡೆಸುವುದು. ಯಾವ ಪ್ರಶ್ನೆಯನ್ನು ಯಾವ ಪ್ರಾಧಿಕಾರದ ಮುಂದೆ, ಯಾವ ಅವಧಿಯೊಳಗೆ ಇಡಬೇಕು ಎಂಬುದನ್ನು ಸಾರ್ವಜನಿಕರ ಅನುಕೂಲಕ್ಕಾಗಿ ಇಲ್ಲಿ ವಿವರಿಸಲಾಗಿದೆ.

2. ಅನ್ವಯಿಸುವ ಕಾನೂನು

ಕರ್ನಾಟಕ ಭೂ ಕಂದಾಯ ಅಧಿನಿಯಮ, 1964ರ ಹಕ್ಕು ದಾಖಲೆಗಳ ಅಧ್ಯಾಯ ಹಾಗೂ ಕರ್ನಾಟಕ ಭೂ ಕಂದಾಯ ನಿಯಮಗಳು, 1966 ಈ ವಿಷಯಕ್ಕೆ ಅನ್ವಯಿಸುತ್ತವೆ. ಮುಖ್ಯ ಕಲಂಗಳು ಈ ಕೆಳಕಂಡಂತಿವೆ.

ಕಲಂ 127: ಪ್ರತಿ ಗ್ರಾಮಕ್ಕೆ ಹಕ್ಕು ದಾಖಲೆಯನ್ನು ಸಿದ್ಧಪಡಿಸುವುದು.
ಕಲಂ 128: ಹಕ್ಕು ಪಡೆದವರು 3 ತಿಂಗಳೊಳಗೆ ವರದಿ ಮಾಡುವುದು.
ಕಲಂ 129: ಹಕ್ಕು ಬದಲಾವಣೆ ವಹಿ ಮತ್ತು ತಕರಾರು ಪ್ರಕರಣಗಳ ವಹಿಯ ನಿರ್ವಹಣೆ.
ಕಲಂ 133: ಹಕ್ಕು ದಾಖಲೆಯ ನಮೂದುಗಳ ಬಗ್ಗೆ ಕಾನೂನಿನ ಪೂರ್ವಭಾವನೆ.
ಕಲಂ 135: ದಾವೆಗಳಿಗೆ ನಿರ್ಬಂಧ, ಹಾಗೂ ಹಕ್ಕು ಘೋಷಣೆಯ ದಾವೆಗೆ ಅವಕಾಶ.
ಕಲಂ 136: ಮೇಲ್ಮನವಿ ಮತ್ತು ಪುನರೀಕ್ಷಣೆ.

1964ಕ್ಕೆ ಮೊದಲು ರಾಜ್ಯದ ಬೇರೆ ಬೇರೆ ಭಾಗಗಳಲ್ಲಿ ಬೇರೆ ಬೇರೆ ಕಾನೂನುಗಳು ಜಾರಿಯಲ್ಲಿದ್ದವು. ಹಳೆಯ ಮೈಸೂರಿನಲ್ಲಿ 1888ರ ಮೈಸೂರು ಭೂ ಕಂದಾಯ ಸಂಹಿತೆ, ಮುಂಬಯಿ ಕರ್ನಾಟಕದಲ್ಲಿ 1879ರ ಮುಂಬಯಿ ಭೂ ಕಂದಾಯ ಸಂಹಿತೆ, ಹೈದರಾಬಾದ್ ಕರ್ನಾಟಕದಲ್ಲಿ 1317 ಫಸಲಿಯ ಹೈದರಾಬಾದ್ ಭೂ ಕಂದಾಯ ಅಧಿನಿಯಮಗಳಂತೆ ದಾಖಲೆಗಳನ್ನು ಇಡಲಾಗುತ್ತಿತ್ತು. ಆದುದರಿಂದ ಹಳೆಯ ತಲೆಮಾರಿನ ಹಕ್ಕನ್ನು ಆಧರಿಸಿದ ಪ್ರಕರಣಗಳಲ್ಲಿ ದಾಖಲೆಗಳ ಹೆಸರು ಮತ್ತು ಸ್ವರೂಪ ಪ್ರದೇಶಕ್ಕೆ ತಕ್ಕಂತೆ ಭಿನ್ನವಾಗಿರುತ್ತವೆ.

ಗ್ರಾಮಠಾಣಾ ನಿವೇಶನ, ಮನೆ ಹಾಗೂ ನಗರ ಪ್ರದೇಶದ ಸ್ವತ್ತುಗಳ ಖಾತೆಯನ್ನು ಗ್ರಾಮ ಪಂಚಾಯಿತಿ ಅಥವಾ ನಗರ ಸ್ಥಳೀಯ ಸಂಸ್ಥೆಗಳು ನಿರ್ವಹಿಸುತ್ತವೆ. ಅವುಗಳ ಕಾರ್ಯವಿಧಾನ ಬೇರೆಯಾಗಿದ್ದು, ಇಲ್ಲಿ ನೀಡಿರುವ ವಿವರ ಪಹಣಿ ಇರುವ ಜಮೀನುಗಳಿಗೆ ಸಂಬಂಧಿಸಿದ್ದಾಗಿದೆ.

3. ಪಹಣಿಯನ್ನು ಪರಿಶೀಲಿಸುವ ಕ್ರಮ

ಹಕ್ಕು, ಗೇಣಿ ಮತ್ತು ಪಹಣಿ ಪತ್ರಿಕೆಯು, ಅಂದರೆ ಆರ್.ಟಿ.ಸಿ., ನಮೂನೆ 16ರಲ್ಲಿರುತ್ತದೆ. ತಕರಾರಿನ ಸಂದರ್ಭದಲ್ಲಿ ಈ ಕೆಳಕಂಡ ಅಂಕಣಗಳನ್ನು ವಿಶೇಷವಾಗಿ ಗಮನಿಸತಕ್ಕದ್ದು.

(ಅ) 9ನೇ ಅಂಕಣ: ಖಾತೆದಾರರ ಹೆಸರು ಮತ್ತು ವಿಸ್ತೀರ್ಣ.
(ಆ) 10ನೇ ಅಂಕಣ: ಹಕ್ಕು ಬಂದ ರೀತಿ. ಹಕ್ಕು ಬದಲಾವಣೆಯ ಸಂಖ್ಯೆ ಇಲ್ಲಿರುತ್ತದೆ.
(ಇ) 11ನೇ ಅಂಕಣ: ಇತರ ಹಕ್ಕುಗಳು ಮತ್ತು ಋಣಗಳು. ಬ್ಯಾಂಕ್ ಸಾಲ, ಆಧಾರ, ನ್ಯಾಯಾಲಯದ ತಡೆಯಾಜ್ಞೆ ಮುಂತಾದವು ಇಲ್ಲಿ ನಮೂದಾಗುತ್ತವೆ.
(ಈ) 12ನೇ ಅಂಕಣ: ಸಾಗುವಳಿ ಮತ್ತು ಬೆಳೆಯ ವಿವರ.

ತಕರಾರಿನ ಮೂಲವನ್ನು ಅರಿಯಲು 10ನೇ ಅಂಕಣವೇ ದಾರಿ. ಅಲ್ಲಿರುವ ಸಂಖ್ಯೆಯನ್ನು ಹಿಡಿದು ಹಕ್ಕು ಬದಲಾವಣೆ ವಹಿಯ ಪ್ರತಿಯನ್ನು ಪಡೆದರೆ, ಯಾವ ದಸ್ತಾವೇಜನ್ನು ಆಧರಿಸಿ, ಯಾವ ದಿನಾಂಕದಂದು, ಯಾರಿಗೆ ನೋಟೀಸು ನೀಡಿ ಹೆಸರು ಬದಲಾಯಿಸಲಾಯಿತು ಎಂಬುದು ತಿಳಿಯುತ್ತದೆ. ಪಹಣಿಯನ್ನು ಮಾತ್ರ ನೋಡಿ ಮೇಲ್ಮನವಿ ಸಲ್ಲಿಸುವುದು ಸೂಕ್ತವಲ್ಲ.

ಭೂಮಿ ಯೋಜನೆಯಡಿ 2000ದ ದಶಕದ ಆರಂಭದಲ್ಲಿ ರಾಜ್ಯದ ಅಂದಿನ 177 ತಾಲ್ಲೂಕುಗಳ ಸುಮಾರು 2 ಕೋಟಿ ಪಹಣಿಗಳನ್ನು ಗಣಕೀಕರಿಸಿ, ಕೈಬರಹದ ಪಹಣಿ ವಿತರಣೆಯನ್ನು ನಿಲ್ಲಿಸಲಾಯಿತು. ಕೈಬರಹದ ದಾಖಲೆಯಿಂದ ಗಣಕಯಂತ್ರಕ್ಕೆ ವರ್ಗಾಯಿಸುವಾಗ ಹೆಸರು, ವಿಸ್ತೀರ್ಣ ಅಥವಾ ಜಂಟಿ ಖಾತೆದಾರರ ನಮೂದಿನಲ್ಲಿ ಉಳಿದ ದೋಷಗಳು ಇಂದಿಗೂ ಕೆಲವು ತಕರಾರುಗಳಿಗೆ ಕಾರಣವಾಗಿವೆ. ಆದ್ದರಿಂದ ಗಣಕೀಕೃತ ಪಹಣಿಯ ಜೊತೆಗೆ ಅದಕ್ಕೂ ಹಿಂದಿನ ಕೈಬರಹದ ಪಹಣಿಯ ದೃಢೀಕೃತ ಪ್ರತಿಯನ್ನು ತಾಲ್ಲೂಕು ಕಚೇರಿಯ ಅಭಿಲೇಖಾಲಯದಿಂದ ಪಡೆದು ಹೋಲಿಸುವುದು ಅಗತ್ಯ.

4. ಹಕ್ಕು ಬದಲಾವಣೆಯ ಸಾಮಾನ್ಯ ವಿಧಾನ

ನೋಂದಾಯಿತ ದಸ್ತಾವೇಜಿನಿಂದ ಹಕ್ಕು ಬಂದಿದ್ದಲ್ಲಿ ಉಪ ನೋಂದಣಾಧಿಕಾರಿಗಳ ಕಚೇರಿಯಿಂದಲೇ ಮಾಹಿತಿಯು ತಾಲ್ಲೂಕು ಕಚೇರಿಗೆ ರವಾನೆಯಾಗುತ್ತದೆ. ಪಡೆದವರು ಪ್ರತ್ಯೇಕವಾಗಿ ವರದಿ ಮಾಡಬೇಕಾದ ಹೊಣೆ ಇರುವುದಿಲ್ಲ. ವಾರಸಾ, ಉತ್ತರಜೀವಿತ್ವ ಮುಂತಾದ ಇತರ ಸಂದರ್ಭಗಳಲ್ಲಿ ಹಕ್ಕು ಪಡೆದವರು 3 ತಿಂಗಳೊಳಗೆ ವರದಿ ಸಲ್ಲಿಸತಕ್ಕದ್ದು. ಅಪ್ರಾಪ್ತವಯಸ್ಕರ ಪರವಾಗಿ ಅವರ ಪೋಷಕರು ವರದಿ ಮಾಡಬಹುದು. ವರದಿ ಸ್ವೀಕರಿಸಿದ ಅಧಿಕಾರಿಯು ಲಿಖಿತ ಸ್ವೀಕೃತಿ ನೀಡಬೇಕಾಗುತ್ತದೆ.

ಹಕ್ಕು ಬದಲಾವಣೆ ವಹಿಯಲ್ಲಿ ನಮೂದು ಮಾಡಿದ ಕೂಡಲೇ ಅದರ ಪ್ರತಿಯನ್ನು ಗ್ರಾಮದ ಚಾವಡಿಯಲ್ಲಿ ಪ್ರಕಟಿಸಬೇಕು. ಹಕ್ಕು ದಾಖಲೆಯಿಂದ ಹಿತಾಸಕ್ತರೆಂದು ಕಂಡುಬರುವ ಎಲ್ಲರಿಗೂ ಲಿಖಿತ ತಿಳಿವಳಿಕೆ ನೀಡಬೇಕು. ನೋಟೀಸಿನಲ್ಲಿ ತಿಳಿಸಿದ ಅವಧಿಯೊಳಗೆ ಆಕ್ಷೇಪಣೆ ಬಾರದಿದ್ದಲ್ಲಿ ನಮೂದನ್ನು ಪರಿಶೀಲಿಸಿ ಪ್ರಮಾಣೀಕರಿಸಲಾಗುತ್ತದೆ. ಪ್ರಮಾಣೀಕರಣದ ನಂತರವೇ ಹೊಸ ಹೆಸರು ಪಹಣಿಗೆ ಬರುತ್ತದೆ.

ನೋಟೀಸಿನ ಹಂತವು ತಕರಾರಿನ ದೃಷ್ಟಿಯಿಂದ ಅತ್ಯಂತ ಮುಖ್ಯವಾದುದು. ಊರಿನಿಂದ ದೂರ ಇರುವವರು, ವಿವಾಹವಾಗಿ ಬೇರೆ ಗ್ರಾಮದಲ್ಲಿ ನೆಲೆಸಿದ ಹೆಣ್ಣುಮಕ್ಕಳು, ಮೃತ ಖಾತೆದಾರರ ಮೊಮ್ಮಕ್ಕಳು ಇವರ ಹೆಸರು ಹಳೆಯ ದಾಖಲೆಯಲ್ಲಿ ಇರುವುದಿಲ್ಲವಾದ್ದರಿಂದ ನೋಟೀಸು ಅವರನ್ನು ತಲುಪದೆ ಉಳಿಯುವ ಸಂಭವವಿದೆ. ಕುಟುಂಬದ ಹಿರಿಯರು ತೀರಿಕೊಂಡ ನಂತರ ಎಲ್ಲ ವಾರಸುದಾರರೂ ಆಗಾಗ್ಗೆ ಪಹಣಿಯನ್ನು ಪರಿಶೀಲಿಸುತ್ತಿರುವುದು ಒಳ್ಳೆಯದು.

5. ತಕರಾರುಗಳು ಉದ್ಭವಿಸುವ ಸಾಮಾನ್ಯ ಸಂದರ್ಭಗಳು

5.1 ಪೌತಿ ಖಾತೆಯಲ್ಲಿ ವಾರಸುದಾರರನ್ನು ಕೈಬಿಡುವುದು

ಹಿಂದೂ ಉತ್ತರಾಧಿಕಾರ ಅಧಿನಿಯಮ, 1956ರಂತೆ ಮರಣಶಾಸನವಿಲ್ಲದೆ ಮೃತಪಟ್ಟ ಪುರುಷನ ಸ್ವಂತ ಸ್ವತ್ತಿಗೆ ಪತ್ನಿ, ಗಂಡುಮಕ್ಕಳು, ಹೆಣ್ಣುಮಕ್ಕಳು ಮತ್ತು ತಾಯಿ ಏಕಕಾಲದಲ್ಲಿ ವಾರಸುದಾರರಾಗುತ್ತಾರೆ. ಪಿತ್ರಾರ್ಜಿತ ಸ್ವತ್ತಿನ ವಿಷಯದಲ್ಲಿ ಕರ್ನಾಟಕವು 1994ರ ಜುಲೈ 30ರಿಂದ ಜಾರಿಗೆ ಬಂದ ತನ್ನ ತಿದ್ದುಪಡಿಯಿಂದ ಅವಿವಾಹಿತ ಹೆಣ್ಣುಮಕ್ಕಳಿಗೆ ಸಮಭಾಗಿತ್ವದ ಹಕ್ಕನ್ನು ನೀಡಿತ್ತು. 2005ರ ಸೆಪ್ಟೆಂಬರ್ 9ರಿಂದ ಜಾರಿಗೆ ಬಂದ ಕೇಂದ್ರ ತಿದ್ದುಪಡಿಯು ವಿವಾಹಿತರು, ಅವಿವಾಹಿತರು ಎಂಬ ಭೇದವಿಲ್ಲದೆ ಎಲ್ಲ ಹೆಣ್ಣುಮಕ್ಕಳಿಗೂ ಜನ್ಮತಃ ಈ ಹಕ್ಕನ್ನು ನೀಡಿತು. ಆ ದಿನದಂದು ತಂದೆ ಜೀವಂತವಾಗಿರಬೇಕಾದ ಅಗತ್ಯವಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2020ರ ಆಗಸ್ಟ್ 11ರಂದು ತೀರ್ಪು ನೀಡಿದೆ. ಆದರೆ 2004ರ ಡಿಸೆಂಬರ್ 20ಕ್ಕೆ ಮೊದಲು ಕಾನೂನುಬದ್ಧವಾಗಿ ನಡೆದ ವಿಭಾಗ ಅಥವಾ ಪರಭಾರೆಗಳಿಗೆ ಇದರಿಂದ ಬಾಧೆಯಿಲ್ಲ.

ಇಷ್ಟಾದರೂ ವಂಶವೃಕ್ಷದಲ್ಲಿ ಗಂಡುಮಕ್ಕಳನ್ನು ಮಾತ್ರ ತೋರಿಸಿ ಪೌತಿ ಖಾತೆಗೆ ಅರ್ಜಿ ಸಲ್ಲಿಸುವ ಪರಿಪಾಠ ಪೂರ್ಣವಾಗಿ ನಿಂತಿಲ್ಲ. ಅಂತಹ ನಮೂದಿನಿಂದ ಕೈಬಿಟ್ಟವರ ಹಕ್ಕು ನಾಶವಾಗುವುದಿಲ್ಲ. ಆದರೆ ಆ ಪಹಣಿಯನ್ನು ನಂಬಿ ಮೂರನೆಯವರು ಜಮೀನನ್ನು ಕ್ರಯಕ್ಕೆ ಪಡೆದಲ್ಲಿ ವಿವಾದವು ಕುಟುಂಬದ ಹೊರಗೂ ಹಬ್ಬಿ, ಪರಿಹಾರ ಕಷ್ಟಸಾಧ್ಯವಾಗುತ್ತದೆ.

ಸಹೋದರಿಯರು ತಮ್ಮ ಪಾಲನ್ನು ಬಿಟ್ಟುಕೊಡಲು ಒಪ್ಪಿದ್ದಲ್ಲಿ ಬಾಯಿಮಾತು ಅಥವಾ ಬಿಳಿಹಾಳೆಯ ಸಹಿ ಸಾಲದು. 100 ರೂಪಾಯಿ ಮತ್ತು ಅದಕ್ಕಿಂತ ಹೆಚ್ಚಿನ ಬೆಲೆಯ ಸ್ಥಿರ ಸ್ವತ್ತಿನ ಹಕ್ಕು ಬಿಡುಗಡೆ ಪತ್ರವನ್ನು ನೋಂದಾಯಿಸುವುದು ಕಡ್ಡಾಯ.

5.2 ಮರಣಶಾಸನವನ್ನು ಆಧರಿಸಿದ ಕೋರಿಕೆ

ಮರಣಶಾಸನ ನೋಂದಣಿಯಾಗಿದ್ದರೂ ಅದು ಸಾಬೀತಾದಂತೆ ಆಗುವುದಿಲ್ಲ. ಸಾಕ್ಷಿ ಹಾಕಿದವರು ಜೀವಂತವಿದ್ದು ಲಭ್ಯರಿದ್ದಲ್ಲಿ ಕನಿಷ್ಠ ಒಬ್ಬರನ್ನಾದರೂ ನ್ಯಾಯಾಲಯದಲ್ಲಿ ವಿಚಾರಣೆಗೆ ಒಳಪಡಿಸಿ ಅದನ್ನು ರುಜುವಾತುಪಡಿಸಬೇಕು. ಇತರ ವಾರಸುದಾರರು ಮರಣಶಾಸನವನ್ನು ಅಲ್ಲಗಳೆದಲ್ಲಿ ಅದರ ನೈಜತೆಯನ್ನು ತೀರ್ಮಾನಿಸುವ ಅಧಿಕಾರ ಕಂದಾಯ ಅಧಿಕಾರಿಗಳಿಗಿಲ್ಲ. ಅದನ್ನು ಮುಂದಿಡುವವರು ಸಿವಿಲ್ ನ್ಯಾಯಾಲಯದಲ್ಲಿ ಹಕ್ಕನ್ನು ಸ್ಥಾಪಿಸಿಕೊಳ್ಳಬೇಕು ಎಂದು ಸರ್ವೋಚ್ಚ ನ್ಯಾಯಾಲಯವು ಮಧ್ಯಪ್ರದೇಶದ ಪ್ರಕರಣವೊಂದರಲ್ಲಿ 2021ರ ಸೆಪ್ಟೆಂಬರ್ 6ರಂದು ಸ್ಪಷ್ಟಪಡಿಸಿದೆ.

5.3 ಒಂದೇ ಜಮೀನಿಗೆ ಒಂದಕ್ಕಿಂತ ಹೆಚ್ಚು ಕ್ರಯಪತ್ರ

ಒಬ್ಬರಿಗೆ ಮಾರಿದ ಜಮೀನನ್ನು ಮತ್ತೊಬ್ಬರಿಗೆ ಮಾರುವುದು, ಜಂಟಿ ಖಾತೆಯಲ್ಲಿ ಒಬ್ಬ ಪಾಲುದಾರನು ತನ್ನ ಪಾಲಿಗಿಂತ ಹೆಚ್ಚಿನ ವಿಸ್ತೀರ್ಣವನ್ನು ಮಾರುವುದು ಈ ವರ್ಗಕ್ಕೆ ಸೇರುತ್ತವೆ. ಸರ್ವೆ ನಂಬರಿನ ಭಾಗಶಃ ವಿಸ್ತೀರ್ಣದ ಕ್ರಯಕ್ಕೆ 11ಇ ನಕ್ಷೆಯನ್ನು ಕಡ್ಡಾಯಗೊಳಿಸಿರುವುದರ ಉದ್ದೇಶ, ಮಾರಾಟವಾಗುವ ಭಾಗವನ್ನು ನೆಲದ ಮೇಲೆ ಮೊದಲೇ ಗುರುತಿಸುವುದಾಗಿದೆ.

5.4 ಮಂಜೂರಾದ ಜಮೀನುಗಳು

ಪರಿಶಿಷ್ಟ ಜಾತಿ ಮತ್ತು ಪರಿಶಿಷ್ಟ ಪಂಗಡದವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನಿನ ಪರಭಾರೆಗೆ 1978ರ ಪ್ರತ್ಯೇಕ ಅಧಿನಿಯಮ ಅನ್ವಯಿಸುತ್ತದೆ. ಸಾಮಾನ್ಯವಾಗಿ ಪಿ.ಟಿ.ಸಿ.ಎಲ್. ಕಾಯ್ದೆ ಎಂದು ಕರೆಯಲಾಗುವ ಇದು 1979ರ ಜನವರಿ 1ರಿಂದ ಜಾರಿಯಲ್ಲಿದೆ. ಸರ್ಕಾರದ ಪೂರ್ವಾನುಮತಿಯಿಲ್ಲದೆ ಇಂತಹ ಜಮೀನನ್ನು ವರ್ಗಾಯಿಸುವಂತಿಲ್ಲ. ಉಲ್ಲಂಘನೆಯಾದಲ್ಲಿ ಜಮೀನನ್ನು ಮರಳಿ ಪಡೆಯಲು ಉಪವಿಭಾಗಾಧಿಕಾರಿಗಳಿಗೆ ಅರ್ಜಿ ಸಲ್ಲಿಸಬೇಕು. ಅರ್ಜಿಯನ್ನು ಸಮಂಜಸ ಅವಧಿಯೊಳಗೆ ಸಲ್ಲಿಸಬೇಕೆಂದು ಸರ್ವೋಚ್ಚ ನ್ಯಾಯಾಲಯವು 2017ರಲ್ಲಿ ಹೇಳಿದ ಬಳಿಕ, ಕಾಲಮಿತಿ ಅಡ್ಡಿಯಾಗದಂತೆ ರಾಜ್ಯ ವಿಧಾನಮಂಡಲವು 2023ರಲ್ಲಿ ತಿದ್ದುಪಡಿ ತಂದಿತು. ಖರೀದಿದಾರರು ಪಹಣಿಯಲ್ಲಿನ ಹೆಸರನ್ನಷ್ಟೇ ನೋಡದೆ ಜಮೀನಿನ ಮೂಲ ಮಂಜೂರಾತಿಯನ್ನು ಪರಿಶೀಲಿಸಬೇಕಾದುದು ಇದಕ್ಕಾಗಿಯೇ.

6. ನಮೂದಿನ ಕಾನೂನು ಮೌಲ್ಯ

ಪಹಣಿಯಲ್ಲಿ ಹೆಸರಿದ್ದವರೇ ಮಾಲೀಕರು, ಹೆಸರು ಹೋದರೆ ಜಮೀನೇ ಹೋಯಿತು ಎಂಬ ಭಾವನೆ ವ್ಯಾಪಕವಾಗಿದೆ. ಇದು ಸರಿಯಲ್ಲ. ಕಲಂ 133ರಂತೆ ಹಕ್ಕು ದಾಖಲೆಯ ನಮೂದನ್ನು, ಅದಕ್ಕೆ ವಿರುದ್ಧವಾದುದು ಸಾಬೀತಾಗುವವರೆಗೆ ಅಥವಾ ಕಾನೂನುರೀತ್ಯಾ ಹೊಸ ನಮೂದು ಬರುವವರೆಗೆ, ಸತ್ಯವೆಂದು ಭಾವಿಸಲಾಗುತ್ತದೆ. ಅಂದರೆ ಅದು ಅಲ್ಲಗಳೆಯಬಹುದಾದ ಪೂರ್ವಭಾವನೆ ಮಾತ್ರ. ಕಂದಾಯ ದಾಖಲೆಯ ಬದಲಾವಣೆಯು ಮಾಲೀಕತ್ವವನ್ನು ಸೃಷ್ಟಿಸುವುದೂ ಇಲ್ಲ, ನಾಶಪಡಿಸುವುದೂ ಇಲ್ಲ. ಕಂದಾಯ ಪಾವತಿಸಲು ಅನುವು ಮಾಡಿಕೊಡುತ್ತದೆ ಎಂಬುದು 1996ರಿಂದೀಚೆಗೆ ಸರ್ವೋಚ್ಚ ನ್ಯಾಯಾಲಯವು ಪುನಃ ಪುನಃ ಎತ್ತಿಹಿಡಿದಿರುವ ತತ್ವ.

ಹಾಗೆಂದು ನಮೂದನ್ನು ಕಡೆಗಣಿಸುವಂತಿಲ್ಲ. ಬೆಳೆ ಸಾಲ, ಬೆಳೆ ವಿಮೆ, ಬೆಳೆ ನಷ್ಟ ಪರಿಹಾರ, ಭೂಸ್ವಾಧೀನದ ನೋಟೀಸು ಇವೆಲ್ಲವೂ ಮೊದಲಿಗೆ ಪಹಣಿಯಲ್ಲಿ ಹೆಸರಿರುವವರನ್ನೇ ತಲುಪುತ್ತವೆ. ಹಕ್ಕಿದ್ದೂ ಹೆಸರಿಲ್ಲದ ವಾರಸುದಾರರು ಈ ಸೌಲಭ್ಯಗಳಿಂದ ವಂಚಿತರಾಗುತ್ತಾರೆ.

7. ತಕರಾರು ಸಲ್ಲಿಸುವ ವಿಧಾನ ಮತ್ತು ಹಂತಗಳು

ಮೊದಲ ಹಂತ: ತಾಲ್ಲೂಕು ಕಚೇರಿ

ನಮೂದು ಪ್ರಮಾಣೀಕರಣವಾಗುವ ಮೊದಲೇ ಆಕ್ಷೇಪಣೆ ಸಲ್ಲಿಸುವುದು ಅತ್ಯಂತ ಸರಳ ಮತ್ತು ಕಡಿಮೆ ವೆಚ್ಚದ ಮಾರ್ಗ. ಆಕ್ಷೇಪಣೆಯನ್ನು ಮೌಖಿಕವಾಗಿ ಅಥವಾ ಲಿಖಿತವಾಗಿ ಸಲ್ಲಿಸಲು ಕಾನೂನಿನಲ್ಲಿ ಅವಕಾಶವಿದೆ. ಲಿಖಿತವಾಗಿ ನೀಡುವುದು ಸೂಕ್ತ. ಅದನ್ನು ತಕರಾರು ಪ್ರಕರಣಗಳ ವಹಿಯಲ್ಲಿ ದಾಖಲಿಸಿ ಸ್ವೀಕೃತಿ ನೀಡಲಾಗುತ್ತದೆ. ನಂತರ ಉಭಯ ಪಕ್ಷಗಾರರ ವಿಚಾರಣೆ ನಡೆಸಿ ಆದೇಶ ಹೊರಡಿಸಲಾಗುತ್ತದೆ.

ಎರಡನೆಯ ಹಂತ: ಉಪವಿಭಾಗಾಧಿಕಾರಿ

ತಕರಾರು ಪ್ರಕರಣದ ಆದೇಶದಿಂದ ಅಥವಾ ಪ್ರಮಾಣೀಕೃತ ನಮೂದಿನಿಂದ ಬಾಧಿತರಾದವರು ಕಲಂ 136(2)ರಡಿ ಮೇಲ್ಮನವಿ ಸಲ್ಲಿಸಬಹುದು. ಆದೇಶ ತಲುಪಿದ ದಿನಾಂಕದಿಂದ, ಅಥವಾ ನಮೂದು ತಿಳಿದುಬಂದ ದಿನಾಂಕದಿಂದ 60 ದಿನಗಳು ಕಾಲಮಿತಿ. ವಿಳಂಬವಾಗಿದ್ದಲ್ಲಿ ಕಾರಣಗಳನ್ನು ವಿವರಿಸಿ ಪ್ರತ್ಯೇಕ ಅರ್ಜಿಯನ್ನೂ ಪ್ರಮಾಣಪತ್ರವನ್ನೂ ಲಗತ್ತಿಸತಕ್ಕದ್ದು. ನಮೂದು ಯಾವಾಗ, ಹೇಗೆ ತಿಳಿಯಿತು ಎಂಬುದಕ್ಕೆ ಆಧಾರ ನೀಡುವುದು ಮುಖ್ಯ. ದೃಢೀಕೃತ ಪ್ರತಿ ಪಡೆದ ದಿನಾಂಕ ಇದಕ್ಕೆ ಸಹಕಾರಿ.

ಮೂರನೆಯ ಹಂತ: ಜಿಲ್ಲಾಧಿಕಾರಿ

ಕಲಂ 136(3)ರಂತೆ ಜಿಲ್ಲಾಧಿಕಾರಿಗಳು ಸ್ವತಃ ಅಥವಾ ಪಕ್ಷಗಾರರ ಅರ್ಜಿಯ ಮೇಲೆ ದಾಖಲೆಗಳನ್ನು ತರಿಸಿಕೊಂಡು ಪುನರೀಕ್ಷಣೆ ನಡೆಸಬಹುದು. ಬಾಧಿತರಾಗುವವರಿಗೆ ಅಹವಾಲು ಹೇಳಿಕೊಳ್ಳಲು ಅವಕಾಶ ನೀಡದೆ ಆದೇಶ ಮಾಡುವಂತಿಲ್ಲ. ಜಿಲ್ಲಾಧಿಕಾರಿಗಳ ಆದೇಶವನ್ನು ಸಂವಿಧಾನದ 226 ಮತ್ತು 227ನೇ ಅನುಚ್ಛೇದಗಳಡಿ ಉಚ್ಚ ನ್ಯಾಯಾಲಯದಲ್ಲಿ ಪ್ರಶ್ನಿಸಬಹುದು.

ಈ ಮೂರೂ ಹಂತಗಳಲ್ಲಿ ಪರಿಶೀಲನೆಗೆ ಬರುವುದು ನಮೂದು ಸರಿಯಾಗಿದೆಯೇ, ವಿಧಿವಿಧಾನ ಪಾಲನೆಯಾಗಿದೆಯೇ ಎಂಬ ಪ್ರಶ್ನೆ ಮಾತ್ರ. ಮಾಲೀಕತ್ವ ಯಾರದು ಎಂಬ ಜಟಿಲ ಪ್ರಶ್ನೆಯನ್ನು ಕಂದಾಯ ನ್ಯಾಯಾಲಯಗಳು ತೀರ್ಮಾನಿಸುವಂತಿಲ್ಲವೆಂದು ಕರ್ನಾಟಕ ಉಚ್ಚ ನ್ಯಾಯಾಲಯವೂ ಹಲವು ತೀರ್ಪುಗಳಲ್ಲಿ ಹೇಳಿದೆ.

8. ಸಿವಿಲ್ ನ್ಯಾಯಾಲಯಕ್ಕೆ ಹೋಗಬೇಕಾದ ಸಂದರ್ಭಗಳು

ನಮೂದು ಮಾಡಿಕೊಡಬೇಕೆಂದು ಅಥವಾ ತೆಗೆದುಹಾಕಬೇಕೆಂದು ಸರ್ಕಾರದ ಅಥವಾ ಅಧಿಕಾರಿಗಳ ವಿರುದ್ಧ ದಾವೆ ಹೂಡಲು ಕಲಂ 135 ಅವಕಾಶ ನೀಡುವುದಿಲ್ಲ. ಆದರೆ ತನ್ನ ಸ್ವಾಧೀನದಲ್ಲಿರುವ ಹಕ್ಕಿಗೆ ನಮೂದಿನಿಂದ ಬಾಧೆಯಾದವರು, ಆ ಹಕ್ಕನ್ನು ಅಲ್ಲಗಳೆಯುವ ಎದುರುಪಕ್ಷದ ವಿರುದ್ಧ ಹಕ್ಕು ಘೋಷಣೆಯ ದಾವೆ ಹೂಡಬಹುದು. ನ್ಯಾಯಾಲಯದ ಘೋಷಣೆಗೆ ಅನುಗುಣವಾಗಿ ನಮೂದನ್ನು ತಿದ್ದುಪಡಿ ಮಾಡಬೇಕೆಂದು ಅದೇ ಕಲಂ ವಿಧಿಸುತ್ತದೆ.

ಈ ಕೆಳಕಂಡ ಪ್ರಶ್ನೆಗಳು ಸಿವಿಲ್ ನ್ಯಾಯಾಲಯಕ್ಕೆ ಸೇರಿದವು:

(ಅ) ಮರಣಶಾಸನ ನೈಜವೇ, ಅಲ್ಲವೇ.
(ಆ) ಕ್ರಯಪತ್ರ ಅಥವಾ ದಾನಪತ್ರ ಮೋಸದಿಂದ ಬರೆಸಿಕೊಂಡದ್ದೇ.
(ಇ) ಸ್ವತ್ತು ಸ್ವಯಾರ್ಜಿತವೇ, ಪಿತ್ರಾರ್ಜಿತವೇ. ಪ್ರತಿಯೊಬ್ಬರ ಪಾಲು ಎಷ್ಟು.
(ಈ) ದತ್ತು ಅಥವಾ ವಿವಾಹ ಸಿಂಧುವೇ.
(ಉ) ಪ್ರತಿಕೂಲ ಸ್ವಾಧೀನದಿಂದ ಹಕ್ಕು ಪ್ರಾಪ್ತವಾಗಿದೆಯೇ.

ಕಾಲಮಿತಿ ಅಧಿನಿಯಮ, 1963ರ 58ನೇ ಅನುಚ್ಛೇದದಂತೆ ಘೋಷಣೆಯ ದಾವೆಗೆ, ದಾವೆ ಹೂಡುವ ಹಕ್ಕು ಮೊದಲು ಉಂಟಾದಂದಿನಿಂದ 3 ವರ್ಷಗಳ ಅವಧಿಯಿದೆ. ಕಂದಾಯ ನ್ಯಾಯಾಲಯದಲ್ಲಿ ಮೇಲ್ಮನವಿ ನಡೆಯುತ್ತಿದೆ ಎಂಬ ಕಾರಣಕ್ಕೆ ಈ ಅವಧಿ ತಾನಾಗಿಯೇ ನಿಲ್ಲುವುದಿಲ್ಲ. ಉಪವಿಭಾಗಾಧಿಕಾರಿ, ಜಿಲ್ಲಾಧಿಕಾರಿ, ಉಚ್ಚ ನ್ಯಾಯಾಲಯ ಎಂದು ಹಲವು ವರ್ಷ ಕಳೆದು, ಕೊನೆಯಲ್ಲಿ ಸಿವಿಲ್ ನ್ಯಾಯಾಲಯಕ್ಕೆ ಹೋಗಿ ಎಂಬ ಆದೇಶ ಪಡೆದಾಗ ಎದುರುಪಕ್ಷದವರು ಕಾಲಮಿತಿಯ ಆಕ್ಷೇಪಣೆ ಎತ್ತುವ ಸಾಧ್ಯತೆಯಿರುತ್ತದೆ. ಆದ್ದರಿಂದ ಮಾಲೀಕತ್ವದ ಪ್ರಶ್ನೆ ಇದೆಯೆಂದು ಕಂಡ ಕೂಡಲೇ ವಕೀಲರ ಸಲಹೆ ಪಡೆದು ದಾವೆಯ ಬಗ್ಗೆ ತೀರ್ಮಾನಿಸತಕ್ಕದ್ದು.

ದಾವೆ ನಡೆಯುತ್ತಿರುವಾಗ ಜಮೀನು ಪರಭಾರೆಯಾದರೆ, ಸ್ವತ್ತು ವರ್ಗಾವಣೆ ಅಧಿನಿಯಮದ ಕಲಂ 52ರಂತೆ ಪಡೆದವರು ದಾವೆಯ ತೀರ್ಪಿಗೆ ಬದ್ಧರಾಗುತ್ತಾರೆ. ಆದರೂ ತಾತ್ಕಾಲಿಕ ನಿರ್ಬಂಧಕಾಜ್ಞೆ ದೊರೆತಲ್ಲಿ ಅದರ ದೃಢೀಕೃತ ಪ್ರತಿಯನ್ನು ತಡಮಾಡದೆ ತಾಲ್ಲೂಕು ಕಚೇರಿಗೂ ಉಪ ನೋಂದಣಾಧಿಕಾರಿಗಳಿಗೂ ಸಲ್ಲಿಸಿ, ಪಹಣಿಯ 11ನೇ ಅಂಕಣದಲ್ಲಿ ನಮೂದಿಸುವಂತೆ ಕೋರುವುದು ಒಳಿತು.

9. ಸಲ್ಲಿಸಬೇಕಾದ ದಾಖಲೆಗಳು

(1) ಚಾಲ್ತಿ ವರ್ಷದ ಹಾಗೂ ಹಿಂದಿನ ವರ್ಷಗಳ ಪಹಣಿಗಳು, ಕೈಬರಹದ ಪಹಣಿ ಸೇರಿದಂತೆ.
(2) ಪ್ರಶ್ನಿತ ಹಕ್ಕು ಬದಲಾವಣೆ ವಹಿಯ ದೃಢೀಕೃತ ಪ್ರತಿ.
(3) ಪ್ರಶ್ನಿತ ಆದೇಶದ ದೃಢೀಕೃತ ಪ್ರತಿ.
(4) ಮರಣ ಪ್ರಮಾಣಪತ್ರ ಮತ್ತು ಎಲ್ಲ ವಾರಸುದಾರರನ್ನು ಒಳಗೊಂಡ ವಂಶವೃಕ್ಷ.
(5) ಕ್ರಯಪತ್ರ, ವಿಭಾಗಪತ್ರ, ದಾನಪತ್ರ, ಹಕ್ಕು ಬಿಡುಗಡೆ ಪತ್ರ ಇತ್ಯಾದಿ.
(6) ಋಣಭಾರ ಪ್ರಮಾಣಪತ್ರ.
(7) ಮಂಜೂರಾತಿ ಆದೇಶ ಅಥವಾ ಸಾಗುವಳಿ ಚೀಟಿ, ಅನ್ವಯವಾದಲ್ಲಿ.
(8) ಸಿವಿಲ್ ನ್ಯಾಯಾಲಯದ ಆದೇಶ ಅಥವಾ ಡಿಕ್ರಿ, ಇದ್ದಲ್ಲಿ.

10. ಪದೇ ಪದೇ ಕೇಳಲಾಗುವ ಪ್ರಶ್ನೆಗಳು

ಪ್ರಶ್ನೆ: ಹೆಸರಿನ ಅಕ್ಷರ ದೋಷಕ್ಕೂ ಮೇಲ್ಮನವಿ ಸಲ್ಲಿಸಬೇಕೇ?
ಉತ್ತರ: ಯಾರ ಹಕ್ಕಿಗೂ ಬಾಧೆಯಾಗದ ಲೇಖನ ದೋಷವಾಗಿದ್ದಲ್ಲಿ ಮೂಲ ದಾಖಲೆಯೊಂದಿಗೆ ಮೊದಲು ತಹಶೀಲ್ದಾರರಿಗೆ ಅರ್ಜಿ ಸಲ್ಲಿಸತಕ್ಕದ್ದು. ವಿಸ್ತೀರ್ಣದ ವ್ಯತ್ಯಾಸವಿದ್ದಲ್ಲಿ ಭೂಮಾಪನ ದಾಖಲೆಗಳ ಪರಿಶೀಲನೆಯೂ ಅಗತ್ಯವಾಗುತ್ತದೆ.

ಪ್ರಶ್ನೆ: ನೋಟೀಸು ಬಾರದೆ ಖಾತೆ ಬದಲಾವಣೆಯಾಗಿದೆ. ಏನು ಮಾಡಬೇಕು?
ಉತ್ತರ: ಹಕ್ಕು ಬದಲಾವಣೆಯ ಕಡತದ ದೃಢೀಕೃತ ಪ್ರತಿಗಳನ್ನು ಪಡೆದು, ನಮೂದು ತಿಳಿದ ದಿನಾಂಕದಿಂದ 60 ದಿನಗಳೊಳಗೆ ಉಪವಿಭಾಗಾಧಿಕಾರಿಗಳಿಗೆ ಮೇಲ್ಮನವಿ ಸಲ್ಲಿಸತಕ್ಕದ್ದು. ನೋಟೀಸು ಜಾರಿಯಾಗದಿರುವುದು ಮೇಲ್ಮನವಿಗೆ ಮುಖ್ಯವಾದ ಆಧಾರ.

ಪ್ರಶ್ನೆ: ಕಂದಾಯ ಕಟ್ಟಿದ ರಸೀದಿಗಳು ಮಾಲೀಕತ್ವವನ್ನು ಸಾಬೀತುಪಡಿಸುತ್ತವೆಯೇ?
ಉತ್ತರ: ಇಲ್ಲ. ಅವು ಸ್ವಾಧೀನಕ್ಕೆ ಪೂರಕ ಸಾಕ್ಷ್ಯವಾಗಬಹುದು, ಹಕ್ಕುಪತ್ರಕ್ಕೆ ಬದಲಿಯಾಗುವುದಿಲ್ಲ.

ಪ್ರಶ್ನೆ: ಸಿವಿಲ್ ನ್ಯಾಯಾಲಯದ ಡಿಕ್ರಿ ದೊರೆತ ಮೇಲೆ ಪಹಣಿ ತಾನಾಗಿಯೇ ಬದಲಾಗುವುದೇ?
ಉತ್ತರ: ಇಲ್ಲ. ಡಿಕ್ರಿಯ ದೃಢೀಕೃತ ಪ್ರತಿಯೊಂದಿಗೆ ಹಕ್ಕು ಬದಲಾವಣೆಗೆ ಅರ್ಜಿ ಸಲ್ಲಿಸತಕ್ಕದ್ದು. ವಿಭಾಗದ ದಾವೆಯಲ್ಲಿ ಪ್ರಾಥಮಿಕ ಡಿಕ್ರಿಯು ಪಾಲುಗಳನ್ನು ಘೋಷಿಸುತ್ತದೆ. ಜಮೀನನ್ನು ಹದ್ದುಬಸ್ತುಗೊಳಿಸಿ ಹಂಚುವುದು ಅಂತಿಮ ಡಿಕ್ರಿಯ ಹಂತದಲ್ಲಿ.

ಪ್ರಶ್ನೆ: ವಕೀಲರ ಶುಲ್ಕ ಭರಿಸಲಾಗದವರು ಏನು ಮಾಡಬೇಕು?
ಉತ್ತರ: ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪರಿಶಿಷ್ಟ ಪಂಗಡದವರು, ಅಂಗವಿಕಲರು ಹಾಗೂ ನಿಗದಿತ ಆದಾಯ ಮಿತಿಯೊಳಗಿನವರು ಕಾನೂನು ಸೇವೆಗಳ ಪ್ರಾಧಿಕಾರಗಳ ಅಧಿನಿಯಮ, 1987ರಡಿ ಉಚಿತ ಕಾನೂನು ನೆರವಿಗೆ ಅರ್ಹರು. ತಾಲ್ಲೂಕು ಕಾನೂನು ಸೇವೆಗಳ ಸಮಿತಿ ಅಥವಾ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರವನ್ನು ಸಂಪರ್ಕಿಸಬಹುದು. ರಾಜಿಗೆ ಒಪ್ಪುವ ಕುಟುಂಬಗಳು ಲೋಕ ಅದಾಲತ್ತಿನ ಮೂಲಕವೂ ವ್ಯಾಜ್ಯವನ್ನು ಬಗೆಹರಿಸಿಕೊಳ್ಳಬಹುದು.

ಸೂಚನೆ: ಈ ಮಾಹಿತಿಯು ಸಾರ್ವಜನಿಕರ ಸಾಮಾನ್ಯ ತಿಳಿವಳಿಕೆಗಾಗಿ ಮಾತ್ರ. ಅಧಿನಿಯಮ, ನಿಯಮಗಳು ಮತ್ತು ಕಾಲಕಾಲಕ್ಕೆ ಆಗುವ ತಿದ್ದುಪಡಿಗಳ ಪಾಠವೇ ಅಂತಿಮವಾಗಿರುತ್ತದೆ. ಶುಲ್ಕ ಮತ್ತು ನಮೂನೆಗಳ ವಿವರಗಳಿಗೆ ಸಂಬಂಧಪಟ್ಟ ನಾಡಕಚೇರಿ ಅಥವಾ ತಾಲ್ಲೂಕು ಕಚೇರಿಯನ್ನು ಸಂಪರ್ಕಿಸುವುದು.